ಕೋಟೆ ಬಾಗಿಲು ತೆಗೆದವನು

ಬರೆಯುವಾಗ ದೊಡ್ಡಪ್ಪನ ಪಾದಗಳು ಸುಮ್ಮನಿರುತ್ತಿರಲಿಲ್ಲ. ಹಿಂದೂಪುರದ ನಮ್ಮ ಮನೆಯಲ್ಲಿ ಅವರು ಮಗ್ಗ ತುಳಿಯುವುದನ್ನು ಬಿಟ್ಟು ಎಷ್ಟೋ ಕಾಲವಾಗಿದ್ದರೂ ಮೇಜಿನ ಕೆಳಗೆ ಎಡಗಾಲು, ಬಲಗಾಲು ಒಂದಾದ ಮೇಲೊಂದು ನೆಲ ತುಳಿಯುತ್ತಿದ್ದವು. ಕಾಲು ನಿಂತಿತೆಂದರೆ ಕತೆ ನಿಂತಿತೆಂದು ದೊಡ್ಡಮ್ಮ ಕಾಫಿ ಒಯ್ಯುತ್ತಿದ್ದರು. ಇದನ್ನು ನಾನೇ ಕಂಡೆನೋ, ದೊಡ್ಡಪ್ಪನ ಸಂದರ್ಶನದಲ್ಲಿ ಓದಿದೆನೋ, ಈಗ ಹೇಳಲಾರೆ.

ಎಪ್ಪತ್ತರ ದಶಕದಲ್ಲಿ ಅವರ ಐತಿಹಾಸಿಕ ಕಾದಂಬರಿಗಳು ಬಸ್ ನಿಲ್ದಾಣದ ಅಂಗಡಿಗಳಿಗೆ ಬಂದಷ್ಟೇ ಬೇಗ ಖಾಲಿಯಾಗುತ್ತಿದ್ದವು. ಎಲ್ಲಕ್ಕಿಂತ ಹೆಚ್ಚು ಮಾರಾಟವಾದದ್ದು ಕಲ್ಯಾಣದುರ್ಗದ ಕಡೆಯ ಒಂದು ಹಳ್ಳಿಯ ಕೋಟೆ ಬಿದ್ದ ಕತೆ. ಅದರಲ್ಲಿ ಕಾವಲುಗಾರ ಚಿನ್ನದ ಆಸೆಗೆ ಶತ್ರುಗಳಿಗೆ ಬಾಗಿಲು ತೆಗೆಯುತ್ತಾನೆ. ಇತಿಹಾಸದ ಎಂ.ಎ. ಓದುತ್ತಿದ್ದ ನಾನು ಆಧಾರ ಕೇಳಿದೆ.

"ಆಧಾರ ಎಲ್ಲೈತ್ಲಾ? ಕೋಟೆ ಬಿತ್ತು ಅಂದ್ರೆ ಓದೋರಿಗೆ ಸಾಲ್ದು ಕಣ್ಲಾ. ಬಾಗ್ಲು ತೆಗೆದೋನು ಒಬ್ಬ ಬೇಕು."

ಕಾವಲುಗಾರನ ವಂಶ ಆ ಹಳ್ಳಿಯಲ್ಲಿ ಇನ್ನೂ ಇತ್ತು. ವಿಜಯದಶಮಿಗೆ ಕೋಟೆ ಬಾಗಿಲಿನ ಪೂಜೆ ಆ ಮನೆಯ ಯಜಮಾನರದು, ಊರಿನ ಮೊದಲ ತಾಂಬೂಲವೂ ಅವರಿಗೇ. ಮೇಷ್ಟ್ರೊಬ್ಬರು ಕಾದಂಬರಿಯನ್ನು ಊರವರಿಗೆ ಓದಿ ಹೇಳಿದ ವರ್ಷವೇ ತಾಂಬೂಲ ಬೇರೆ ಮನೆಗೆ ಹೋಯಿತು.

ಯಜಮಾನರು ಬಸ್ಸು ಹತ್ತಿ ನಮ್ಮ ಮನೆಗೆ ಬಂದರು.

"ಸಾಮೀ, ನಮ್ಮ ಮುತ್ತಾತ ಬಾಗ್ಲು ತೆಗೆದ ಅಂತ ನಿಮ್ಗ್ಯಾರು ಹೇಳಿದ್ದು?"

"ಅದು ಕತೆ ಕಣಪ್ಪ."

"ಆ ಮಾತ್ನೇ ನಮ್ಮೂರಿಗೆ ಬಂದು ಹೇಳ್ಬುಡಿ."

"ಬತ್ತೀನಿ, ಬತ್ತೀನಿ."

ಹೋಗಲಿಲ್ಲ. ಮುದ್ರಣದ ಮೇಲೆ ಮುದ್ರಣ ಬಂತು. ಹಿಂಬದಿಯ ರಕ್ಷಾಪುಟದಲ್ಲಿ 'ನಡೆದದ್ದು ನಡೆದಂತೆ' ಎಂಬ ಸಾಲು ಇದ್ದಂತೆಯೇ ಇತ್ತು. ಅದನ್ನು ತೆಗೆಸಲು ಅವರಿಗೆ ಒಂದು ಮಾತು ಸಾಕಿತ್ತು. ನೆನೆದರೆ ಈಗಲೂ ಮೈ ಉರಿಯುತ್ತದೆ.

ಎಂಬತ್ತರ ದಶಕದ ಕೊನೆಗೆ, ಜಗಳವಾಡಿ, ವಿಜಯದಶಮಿಯ ದಿನ ನಾನೇ ಅವರನ್ನು ಆ ಹಳ್ಳಿಗೆ ಕರೆದೊಯ್ದೆ. ಕೋಟೆ ಬಾಗಿಲ ಮುಂದೆ ದೊಡ್ಡಪ್ಪ ಕೈಮುಗಿದರು. "ಅವನು ಬಾಗ್ಲು ತೆಗೆದ ಅಂತ ಎಲ್ಲೂ ಇಲ್ಲ ಕಣ್ರಪ್ಪ. ನಾನೇ ಕಟ್ಟಿದ್ದು."

ಊರ ಹಿರಿಯರೊಬ್ಬರು ನಕ್ಕರು. "ಪೆದ್ದವಾರು ಮೀರು, ದೊಡ್ಡೋರು ನೀವು, ದೊಡ್ಡ ಮನಸ್ಸು. ಆ ಮನೆಯೋರು ಅತ್ಕೊಂಡ್ರು ಅಂತ ಹಿಂಗಂತೀರಿ. ದೀಪ ಹಿಡ್ಕೊಂಡು ಅವನ ಕೈ ನಡುಗಿದ್ದು ನೀವೇ ಬರ್ದಿಲ್ವಾ? ನಡೀದೇ ಇದ್ರೆ ಹಂಗೆ ಬರೆಯಾಕಾಯ್ತದಾ?"

ದೊಡ್ಡಪ್ಪನ ಮುಖ ಅರಳಿತು. ಒಂದೇ ಕ್ಷಣ, ಆದರೂ ಅರಳಿತು. ತಾಂಬೂಲದ ತಟ್ಟೆ ಯಜಮಾನರನ್ನು ದಾಟಿ ಮುಂದೆ ಹೋಗುತ್ತಿದ್ದಾಗ ಅವರು ಆ ಹೊಗಳಿಕೆಯನ್ನು ಸವಿಯುತ್ತಿದ್ದರು. ನನ್ನ ಸಿಟ್ಟೇ ನೆನಪಿಗೆ ಬಣ್ಣ ಬಳಿದಿರಬಹುದೇ ಎಂದು ಎಷ್ಟೋ ಸಲ ಕೇಳಿಕೊಂಡಿದ್ದೇನೆ. ಆದರೂ ಕ್ಷಮಿಸಲು ಆಗಿಲ್ಲ.

ತೊಂಬತ್ತರ ದಶಕದಲ್ಲಿ ಅವರು ತೀರಿಕೊಂಡರು. ಹೆಬ್ಬೆರಳುಗಳನ್ನು ದಾರದಲ್ಲಿ ಕಟ್ಟಿದ್ದರಿಂದ ಆ ಪಾದಗಳು ಕೊನೆಗೂ ಸುಮ್ಮನಿದ್ದವು. ಯಜಮಾನರೂ ಬಂದಿದ್ದರು. ಕೈಮುಗಿದು ನನ್ನ ಕಡೆ ತಿರುಗಿದರು. "ಬರ್ದೋರೂ ಹೋದ್ರು. ಇನ್ಯಾರಪ್ಪ ಹೇಳೋರು?"

ನನಗೆ ವಾಕ್ಯ ಕಟ್ಟುವುದನ್ನು ಕಲಿಸಿದವರು ದೊಡ್ಡಪ್ಪ. ಆ ಋಣ ತೀರುವಂಥದಲ್ಲ. ಅವರು ಕಲಿಸಿದ್ದರಿಂದಲೇ ಇದನ್ನು ಬರೆಯುತ್ತಿದ್ದೇನೆ. ಕಾಫಿಯ ಮಾತು ಸುಳ್ಳಾಗಿರಬಹುದು, ವರ್ಷಗಳು ಹೆಚ್ಚುಕಡಿಮೆಯಾಗಿರಬಹುದು. "ನಾನೇ ಕಟ್ಟಿದ್ದು" ಎಂದದ್ದನ್ನು ಮಾತ್ರ ಪಕ್ಕದಲ್ಲೇ ನಿಂತು ಕೇಳಿದ್ದೇನೆ. ಮೊದಲ ತಾಂಬೂಲ ಕಾವಲುಗಾರನ ಮನೆಯದು.