ಕೆಂಪು ಗೆರೆಯ ಕಲ್ಲು

ಸ್ಕಾಟ್ಲೆಂಡಿನ ಓರ್ನ ಕಣಿವೆಯ ದೊಡ್ಡಮನೆಯಲ್ಲಿ ಹೆರುವುದಷ್ಟೇ ಒಡತಿಯರ ಕೆಲಸ; ಹಾಲೂಡಿಸಿ ಬೆಳೆಸುವುದು ಒಕ್ಕಲಿನ ಹೆಂಗಸರ ಪಾಲು. ಹಾಗೆ ಹಿರಿಮಗ ಟಾರ್ಕಿಲ್ ಬಂದು ಬಿದ್ದದ್ದು ಬೇಟೆಕಾಡಿನ ಕಾವಲುಗಾರನ ಹೆಂಡತಿ ಎಫಿಯ ಮಡಿಲಿಗೆ. ಅವಳ ಸ್ವಂತ ಕೂಸು ಫಿನ್ಲೇ ಒಂದು ತೊಡೆಯ ಮೇಲೆ, ಒಡೆಯರ ಕೂಸು ಇನ್ನೊಂದರ ಮೇಲೆ. ಹಾಲುಹಲ್ಲು ಬಿದ್ದ ಮೇಲೆ ದೊಡ್ಡಮನೆಗೆ ಎಳೆದೊಯ್ದರೆ, ಎಫಿಯ ಓಟ್ಸ್ ಗಂಜಿಯೇ ಬೇಕೆಂದು ರಚ್ಚೆ ಹಿಡಿದು ಟಾರ್ಕಿಲ್ ಮತ್ತೆ ಮತ್ತೆ ಓಡಿಬರುತ್ತಿದ್ದ.

ಆ ಮನೆತನದ ಹಿರಿಮಕ್ಕಳು ದಂಡಿನ ಅಧಿಕಾರಿಗಳಾಗಬೇಕು. ಬೇರೆ ಕಸುಬು ಅವರಿಗೆ ಬರುತ್ತಲೂ ಇರಲಿಲ್ಲ. ಟಾರ್ಕಿಲ್ ಪೆಶಾವರದಾಚೆಯ ಗುಡ್ಡಗಳಲ್ಲಿ ಗುಂಡು ತಿಂದ, ಆಫ್ರಿಕಾದಲ್ಲಿ ಕ್ಯಾಪ್ಟನ್ ಆದ, ಆಮೇಲೆ ಮೇಜರ್ ಆದ. ಹೋದಲ್ಲೆಲ್ಲ ಅವನ ಬೂಟು ತಿಕ್ಕುತ್ತ, ಜ್ವರ ಬಂದರೆ ಹಣೆ ಒತ್ತುತ್ತ ಫಿನ್ಲೇ ಬೆನ್ನಿಗಿದ್ದ. ಪದಕವೆಲ್ಲ ಅವನಿಗೆ, ಬೈಗುಳವೆಲ್ಲ ಇವನಿಗೆ. ಆದರೂ ರಜೆಗೆ ಬಂದಾಗ ಇಬ್ಬರೂ ಎಫಿಯ ಒಲೆಯ ಮುಂದೆ ಒಂದೇ ಬಟ್ಟಲಿಗೆ ಚಮಚ ಹಾಕುತ್ತಿದ್ದರು.

ಜರ್ಮನರ ಮೇಲೆ ಯುದ್ಧ ಶುರುವಾದಾಗ ಮೇಜರ್ ಕಣಿವೆಯ ಹುಡುಗರನ್ನೆಲ್ಲ ಕೂಡಿಸಿಕೊಂಡು ಹೊರಟ. ವಾಡಿಕೆಯಂತೆ ಒಬ್ಬೊಬ್ಬರೂ ಸೇತುವೆಯ ಬಳಿ ಒಂದೊಂದು ಕಲ್ಲು ಪೇರಿಸಿದರು. ಬದುಕಿ ಬಂದವನು ತನ್ನ ಕಲ್ಲು ತೆಗೆದು ಹೊಳೆಗೆಸೆಯಬೇಕು. ಉಳಿದ ಕಲ್ಲು ಬಾರದವನ ಗುರುತು. ಟಾರ್ಕಿಲನದು ಬಿಳಿ ಕಲ್ಲು, ಫಿನ್ಲೇಯದು ಕೆಂಪು ಗೆರೆಯದು.

“ಇಬ್ರೂ ಬಂದು ತೆಗೀಬೇಕು. ಒಬ್ನೇ ಬಂದ್ರೆ ಬಾಗಿಲು ತೆಗೆಯಲ್ಲ, ನೋಡು,” ಎಂದಳು ಎಫಿ.

“ಅವನನ್ನ ನಾನು ಕರ್ಕೊಂಡು ಬರ್ತೀನಮ್ಮಾ,” ಎಂದ ಟಾರ್ಕಿಲ್.

ಫಿನ್ಲೇ ನಕ್ಕ. “ತನ್ನ ಕಾಲುಚೀಲ ತನಗೆ ಸಿಗಲ್ಲ, ನನ್ನ ಕರ್ಕೊಂಡು ಬರ್ತಾನಂತೆ!”

ದಿನಾ ಬೆಳಗ್ಗೆ ಎಫಿ ಹೋಗಿ ಕೆಂಪು ಗೆರೆಯ ಕಲ್ಲನ್ನು ಮುಟ್ಟುತ್ತಿದ್ದಳು. ಅದರ ಒಂದು ಮಗ್ಗುಲಲ್ಲಿ ಅವಳ ಹೆಬ್ಬೆರಳು ಕೂರುವಷ್ಟು ಒಂದು ಕುಳಿಯಿತ್ತು.

ಫ್ರಾನ್ಸಿನಲ್ಲಿ ಟಾರ್ಕಿಲ್ ಕಾಲಿಗೆ ಪೆಟ್ಟಾಗಿ ಬಿದ್ದ. ಫಿನ್ಲೇ ಅವನನ್ನು ಕಂದಕದವರೆಗೆ ಎಳೆದು ತಂದ; ಅವನನ್ನು ಒಳಕ್ಕೆ ತಳ್ಳಿದ್ದೇ ತಡ, ಫಿನ್ಲೇ ನಿಂತಲ್ಲೇ ಫಿರಂಗಿಯ ಶೆಲ್ ಬಿತ್ತು. ಹೂಳುವುದಕ್ಕೂ ಏನೂ ಸಿಗಲಿಲ್ಲ.

ಊರುಗೋಲು ಹಿಡಿದು ಊರಿಗೆ ಬಂದ ಟಾರ್ಕಿಲ್ ನೆಟ್ಟಗೆ ಕಲ್ಲುಗಳ ಬಳಿಗೇ ಹೋದ. ಬರಬೇಕಿದ್ದವನು ಫಿನ್ಲೇ, ತಾನು ಸತ್ತವರ ಲೆಕ್ಕಕ್ಕಿರಲಿ ಎಂದುಕೊಂಡು ತನ್ನ ಬಿಳಿ ಕಲ್ಲನ್ನು ಬಿಟ್ಟು, ಕೆಂಪು ಗೆರೆಯದನ್ನು ತೆಗೆದು ಹೊಳೆಗೆಸೆದ. ದೊಡ್ಡಮನೆಯವರ ತ್ಯಾಗ ಹಾಗೆಯೇ; ಯಾರನ್ನೂ ಕೇಳಿ ಮಾಡುವುದಿಲ್ಲ.

ಸೇತುವೆ ದಾಟಿ ಓಡೋಡಿ ಬರುತ್ತಿದ್ದ ಎಫಿ ಅದನ್ನು ಕಂಡಳು.

“ಏನ್ ಮಾಡ್ಬಿಟ್ಟೆಯೋ ಪಾಪಿ! ಅವನ ಮೈಯಂತೂ ಸಿಗಲಿಲ್ಲ. ಕೈಯಿಟ್ಟು ಅಳೋಕೆ ನಂಗೆ ಅದೊಂದಿತ್ತಲ್ಲೋ!”

ಟಾರ್ಕಿಲ್ ಊರುಗೋಲು ಎಸೆದು, ಹಿಮ ಕರಗಿ ಭೋರ್ಗರೆಯುತ್ತಿದ್ದ ಹೊಳೆಗೆ ಇಳಿದೇಬಿಟ್ಟ. ಎಫಿಯೇ ಕೊರಳಪಟ್ಟಿ ಹಿಡಿದು ಎಳೆದು ತಂದಳು. ತೆಗೆಯುವುದಿಲ್ಲ ಎಂದಿದ್ದ ಬಾಗಿಲು ತೆಗೆದು, ಒಲೆಯ ಮುಂದೆ ಕೂರಿಸಿ ಗಂಜಿ ಕೊಟ್ಟಳು.

ಟಾರ್ಕಿಲ್ ದಂಡು ಬಿಟ್ಟ, ಮದುವೆಯಾಗಲಿಲ್ಲ. ಪ್ರತಿ ಬೇಸಗೆ ನೀರು ಇಳಿದಾಗ ಪ್ಯಾಂಟು ಮಡಿಸಿ ಹೊಳೆಗಿಳಿಯುತ್ತಿದ್ದ. “ಊರವರು ಮೀನು ಹಿಡಿದ್ರೆ ಮೇಜರ್ ಸಾಹೇಬ್ರು ಕಲ್ಲು ಹಿಡೀತಾರಪ್ಪಾ,” ಎಂದು ಜನ ಆಡಿಕೊಂಡರು. ಸಿಕ್ಕಿದ್ದನ್ನು ಅವನು ಎಫಿಯ ಬಾಗಿಲಿಗೆ ತರುತ್ತಿದ್ದ.

“ಇದಾ ಅಮ್ಮಾ?”

“ಅಲ್ಲ.”

ಹೀಗೇ ಅವನ ತಲೆ ನರೆಯಿತು, ಎದೆಯಲ್ಲಿ ಕೆಮ್ಮು ಮನೆಮಾಡಿತು. ಒಂದು ಬೇಸಗೆ ನೀಲಿಗಟ್ಟಿದ ಕೈಗಳಲ್ಲಿ ಕೆಂಪು ಗೆರೆಯ ಕಲ್ಲೊಂದನ್ನು ಹಿಡಿದು ಬಾಗಿಲಲ್ಲಿ ನಿಂತ. ಇದಾ ಎಂದು ಕೇಳಲೂ ಅವನಿಗೆ ಉಸಿರಿರಲಿಲ್ಲ. ಎಫಿ ಕಲ್ಲನ್ನು ತಿರುಗಿಸಿ ಹೆಬ್ಬೆರಳಿಂದ ಸವರಿದಳು. ಕುಳಿ ಇರಲಿಲ್ಲ. ಅವಳು ಅವನ ಕೈಗಳನ್ನೇ ನೋಡಿದಳು.

“ಹೂಂ ಕಣೋ. ಇದೇ.”

ಅವನು ಹೊಸ್ತಿಲ ಮೇಲೇ ಕುಸಿದು ಕೂಸಿನಂತೆ ಅತ್ತ. ಇಬ್ಬರೂ ಹೋಗಿ ಕಲ್ಲನ್ನು ಅದರ ಜಾಗದಲ್ಲಿಟ್ಟರು.

“ಈಗ ನಿನ್ನ ಕಲ್ಲು ತೆಗಿ ಮಗಾ. ಮನೆಗೆ ನಡಿ, ಗಂಜಿ ಆರಿಹೋಗುತ್ತೆ.”

ಅಂದಿನಿಂದ ಭಾನುವಾರ ಇಗರ್ಜಿ ಮುಗಿದ ಮೇಲೆ ಟಾರ್ಕಿಲ್ ಟೋಪಿ ತೆಗೆದು ಆ ಕಲ್ಲಿನ ಮುಂದೆ ನಿಂತು ಫಿನ್ಲೇಯೊಡನೆ ಊರ ಸುದ್ದಿಯೆಲ್ಲ ಆಡುತ್ತಿದ್ದ. ಪಕ್ಕದಲ್ಲಿ ನಿಂತ ಎಫಿ ಹೊಳೆಯ ಕಡೆ ಮುಖ ಮಾಡಿ ಅಳುತ್ತಿದ್ದಳು.