ಅವ್ವ ಒಬ್ಬಳೇ ಒಳಗೆ ಹೋದದ್ದು

ಲಿಂಗಸುಗೂರಿನಲ್ಲಿರುವ ನನ್ನ ಅಕ್ಕ ಈ ಕತೆಯನ್ನು ಮದುವೆಮನೆಗಳಲ್ಲಿ ಹೇಳುತ್ತಾಳೆ. ಅವಳ ಕತೆಯಲ್ಲಿ ಅವ್ವ ಮಸ್ಕಿಯ ಮತಗಟ್ಟೆಯಲ್ಲಿ ನಿಂತು ಪ್ರಾಸ ಕಟ್ಟಿದ ಚಂದದೊಂದು ಒಡಪು ಹಾಕುತ್ತಾಳೆ, ಆ ಒಡಪಿನೊಳಗೆ ಅಪ್ಪನ ಹೆಸರು ಹೇಳುತ್ತಾಳೆ, ಸಾಲಿನಲ್ಲಿದ್ದ ಹೆಂಗಸರೆಲ್ಲ ಚಪ್ಪಾಳೆ ತಟ್ಟುತ್ತಾರೆ. ಕೇಳಿದವರು ನಗುತ್ತಾರೆ, ಎಲೆಯಡಿಕೆ ಹಾಕಿಕೊಳ್ಳುತ್ತಾರೆ. ಅಕ್ಕ ಅಲ್ಲಿರಲಿಲ್ಲ. ನಾನಿದ್ದೆ. ಒಡಪು ಇರಲಿಲ್ಲ. ಚಪ್ಪಾಳೆಯೂ ಇರಲಿಲ್ಲ.

ನಾನಿದ್ದೆ ಎನ್ನುವುದು ದೊಡ್ಡ ಸಾಕ್ಷಿಯೇನಲ್ಲ. ಅವತ್ತು ಅವ್ವ ಹಸಿರು ಇಳಕಲ್ ಸೀರೆ ಉಟ್ಟಿದ್ದಳು ಎಂದು ಮೊದಲು ಬರೆದೆ, ಆಮೇಲೆ ಹೊಡೆದುಹಾಕಿದೆ. ಆ ಸೀರೆ ಈಗ ಸಿಂಧನೂರಿನ ನನ್ನ ಬಾಡಿಗೆ ಕೋಣೆಯಲ್ಲಿದೆ. ದಿನಾ ಕಣ್ಣಿಗೆ ಬೀಳುವುದನ್ನೇ ನೆನಪು ಅವಳಿಗೆ ಉಡಿಸಿರಬಹುದು. ಕೆಲವು ಸಂಗತಿಗಳು ಮಾತ್ರ ಎಷ್ಟು ಅಲ್ಲಾಡಿಸಿದರೂ ಅಲ್ಲಾಡುವುದಿಲ್ಲ. ಅವನ್ನಷ್ಟೇ ಬರೆಯುತ್ತೇನೆ.

ಅವ್ವನ ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಮಸ್ಕಿಯಲ್ಲಿ ಅಣ್ಣನ ಮನೆಯಲ್ಲಿದ್ದಳು. ಕಣ್ಣು ಕಾಣದವರ ಜೊತೆ ಒಬ್ಬರು ಮತಗಟ್ಟೆಯೊಳಗೆ ಹೋಗಬಹುದೆಂಬ ನಿಯಮವಿದೆ, ಹಿಂದಿನ ಸಲ ಅಣ್ಣ ಹೋಗಿದ್ದ. ಅವ್ವ ಕೈ ಚಾಚುವ ಮೊದಲೇ ಯಂತ್ರ ಪೀಂ ಎಂದಿತಂತೆ. "ಆತು, ನಡಿ ಬೇ" ಎಂದನಂತೆ ಅಣ್ಣ. ಅವ್ವ ಜಗಳ ಮಾಡಲಿಲ್ಲ. ಮುಂದಿನ ಚುನಾವಣೆ ಬಂದಾಗ ಯಾರಿಂದಲೋ ನನಗೆ ಫೋನ್ ಮಾಡಿಸಿದಳು.

"ನಿನ್ನ ಕಡೆ ಬರ್ತೀನಿ. ಓಟಿನ ದಿನ ನೀನ ಕರ್ಕೊಂಡು ಹೋಗು. ಬಾಗಿಲ ತನಕ ಅಷ್ಟ. ಒಳಗ ನಾ ಒಬ್ಬಾಕಿನ ಹೋಗಾಕಿ."

ಸಿಂಧನೂರಿಗೆ ಬಂದವಳು ಪೇಪರಿನಲ್ಲಿದ್ದ ಅಭ್ಯರ್ಥಿಗಳ ಹೆಸರುಗಳನ್ನು ಮೇಲಿನಿಂದ ಕೆಳಗೆ ಓದಿಸಿದಳು. ಮತ್ತೆ ಓದಿಸಿದಳು. ಟಿವಿ ರಿಮೋಟನ್ನು ನೆಟ್ಟಗೆ ಹಿಡಿದು, ಹೆಸರು ಎಣಿಸುತ್ತ ಗುಂಡಿಗಳ ಮೇಲೆ ಬೆರಳು ಇಳಿಸುತ್ತ ಕೂತಳು. ಬೆರಳು ಎಲ್ಲಿ ನಿಲ್ಲುತ್ತದೆಂದು ನಾನು ಇಣುಕಿದರೆ ಗೋಡೆಯ ಕಡೆ ತಿರುಗುತ್ತಿದ್ದಳು.

"ನನಗರ ಹೇಳಬಾರದೇನು?"

"ನಿನಗ ಹೇಳಿದ್ರ ನಿಮ್ಮಣ್ಣಗ ಹೇಳಿದಂಗ."

"ಅಣ್ಣ ನಾ ಇಬ್ರೂ ಮಾತಾಡಿ ವರ್ಷ ಆತಲ್ಲ ಬೇ."

"ಅದಕ್ಕ. ಮಾತಾಡಾಕ ಏನರ ಬೇಕಲ್ಲ ನಿನಗ."

ನಾನು ಕಾಲೇಜಿನಲ್ಲಿ ಓದಿದ ಇತಿಹಾಸದಲ್ಲಿ ಹೊರದೇಶದ ಹೆಂಗಸರು ಓಟಿಗಾಗಿ ಜೈಲಿಗೆ ಹೋದರು, ಉಪವಾಸ ಬಿದ್ದರು. ಇಲ್ಲಿಯ ಹೆಂಗಸರು ಅರ್ಜಿ ಹಿಡಿದು ಅಲೆದರು. ಸ್ವಾತಂತ್ರ್ಯದ ಬೆನ್ನಿಗೇ ಎಲ್ಲರಿಗೂ ಹಕ್ಕು ಸಿಕ್ಕಿತು. ಪಾಠ ಅಲ್ಲಿಗೆ ಮುಗಿಯುತ್ತಿತ್ತು. ನಿಜಾಮರ ಆಳಿಕೆ ಹೋಗಿ ನಮ್ಮ ಕಡೆ ಮೊದಲ ಸಲ ಮತದಾರರ ಹೆಸರು ಬರೆಯಲು ಬಂದಾಗ ನನ್ನ ಅಜ್ಜಿ ಬಾಗಿಲ ಹಿಂದಿನಿಂದ "ದೊಡ್ಡಾವನ ಅವ್ವ" ಎಂದಷ್ಟೇ ಹೇಳಿದಳಂತೆ. ಹಾಗೆ ಇಂಥವರ ಹೆಂಡತಿ, ಇಂಥವರ ತಾಯಿ ಎಂದವರನ್ನು ದೇಶದ ಎಷ್ಟೋ ಕಡೆ ಪಟ್ಟಿಯಿಂದ ಕೈಬಿಟ್ಟರು. ಅಜ್ಜಿಯನ್ನೂ ಬಿಟ್ಟರು. ತನ್ನ ಹೆಸರು ಹೇಳದೆ ಅವಳ ಓಟು ಹೋಯಿತು. ಅವ್ವನಿಗೆ ತನ್ನ ಹೆಸರು ಹೇಳಲು ಯಾವ ತೊಂದರೆಯೂ ಇರಲಿಲ್ಲ.

ಓಟಿನ ದಿನ ಮಸ್ಕಿಯಲ್ಲಿ ಬಸ್ಸಿಳಿದು ಮತಗಟ್ಟೆಯಿದ್ದ ಶಾಲೆಗೆ ಹೋದೆವು. ಹೆಂಗಸರ ಸಾಲು ವರಾಂಡ ದಾಟಿ ಬಿಸಿಲಿಗೆ ಬಂದಿತ್ತು. ಬಾಗಿಲ ಬಳಿಯ ಅಧಿಕಾರಿಯ ಮೇಜಿಗೆ ತಲುಪಿ ಅವ್ವ ತನ್ನ ಹೆಸರು ಹೇಳಿದ್ದೇ ಬೆಂಚಿನ ಮೇಲಿದ್ದ ಪಕ್ಷವೊಂದರ ಏಜೆಂಟ ತಲೆ ಎತ್ತಿದ.

"ಈ ಹೆಸರಿನಾಕಿ ಮುಂಜಾನೆನ ಹಾಕಿ ಹೋಗ್ಯಾಳ್ರೀ."

ಅದೇ ಹೆಸರಿನ ಇನ್ನೊಬ್ಬಳು ಅದೇ ಓಣಿಯಲ್ಲಿದ್ದಳು. ಅಧಿಕಾರಿ ಅವ್ವನ ಕಾರ್ಡು ಹಿಡಿದು ನೋಡಿದರು. ಫೋಟೋದಲ್ಲಿ ಮುಖವೇ ಕಾಣುತ್ತಿರಲಿಲ್ಲ, ಬರೀ ಕಪ್ಪು.

"ಯವ್ವಾ, ನಿಮ್ಮ ಮನಿಯವರ ಹೆಸರು ಹೇಳಿಬಿಡ್ರಿ."

ಅವ್ವ ನನ್ನ ಮೊಣಕೈ ಬಿಗಿಯಾಗಿ ಹಿಡಿದಳು.

"ಕಾರ್ಡಿನ್ಯಾಗ ಐತಲ್ರೀ" ಎಂದೆ.

"ಕಾರ್ಡು ಯಾರರ ತರ್ತಾರ. ಆಕಿ ಬಾಯಿಂದ ಬರಲಿ" ಎಂದ ಏಜೆಂಟ.

ನಮ್ಮ ಕಡೆ ಹೆಂಗಸರು ಗಂಡನ ಹೆಸರನ್ನು ಬಾಯಿಬಿಟ್ಟು ಹೇಳುವುದಿಲ್ಲ. ಮದುವೆ, ಬಸುರಿಯ ಕುಬುಸದಂಥ ಕಾರ್ಯದಲ್ಲಿ, ಒಡಪಿನ ಪ್ರಾಸದ ನಡುವೆ ಸೇರಿಸಿ ಹೇಳಬಹುದು. ಅದೂ ಗಂಡ ಇದ್ದರೆ. ಅಪ್ಪ ಹೋಗಿ ಬಹಳ ಕಾಲವಾಗಿತ್ತು.

"ಏನಬೇ, ಗಂಡನ ಹೆಸರು ಮರ್ತೇನು?" ಎಂದಿತು ಹಿಂದಿನಿಂದ ಒಂದು ದನಿ.

"ಒಡಪರ ಹಾಕಬೇ, ಸಾಲು ಸರೀಲಿ" ಎಂದಿತು ಇನ್ನೊಂದು.

"ಸುಮ್ನಿರ ಬೇ, ಆಕಿ ಹಣಿ ನೋಡು ಮೊದಲ."

ನಗು ನಿಂತಿತು. ಅಧಿಕಾರಿ ಒಳ್ಳೆಯವರು. ಮೆಲ್ಲಗೆ, "ಬಿಡ್ರೀ. ಹೆಂಗೂ ಕಣ್ಣು ಕಾಣಂಗಿಲ್ಲ. ನೀವು ಮಗಳಲ್ಲ? ಹೆಸರು ಹೇಳಿ, ಸಹಿ ಮಾಡಿ, ಜೋಡಿ ಒಳಗ ಹೋಗಿ ನೀವ ಒತ್ತಿಬಿಡ್ರಿ" ಎಂದರು.

ಅದು ಸುಲಭದ ದಾರಿ. ನಾನು ಬಾಯಿ ತೆರೆದಿದ್ದೆನೋ ಇಲ್ಲವೋ ನೆನಪಿಲ್ಲ. ನನ್ನ ಮೊಣಕೈ ಹಿಡಿದಿದ್ದ ಕೈಯನ್ನು ಅವ್ವ ಬಿಟ್ಟದ್ದು ನೆನಪಿದೆ. ಬಿಟ್ಟು, ಅಪ್ಪನ ಹೆಸರು ಹೇಳಿದಳು.

"ಕೇಳಿಸಲಿಲ್ಲ" ಎಂದ ಏಜೆಂಟ.

ಎರಡನೆಯ ಸಲ ಜೋರಾಗಿ ಹೇಳಿದಳು. ಹಿಂದೆ ಮುಂದೆ ಏನೂ ಇಲ್ಲದ ಬರೀ ಹೆಸರು, ಹೊಲದಾಚೆ ಇರುವವನನ್ನು ಕೂಗಿದ ಹಾಗೆ. ಆ ಹೆಸರನ್ನು ಅವಳ ದನಿಯಲ್ಲಿ ನಾನು ಅಲ್ಲಿಯವರೆಗೆ ಕೇಳಿರಲಿಲ್ಲ. ಯಾರದೋ ಅಪರಿಚಿತನ ಹೆಸರಿನಂತಿತ್ತು. ಸಾಲಿನಲ್ಲಿ ಒಬ್ಬಳು ಲೊಚಗುಟ್ಟಿದಳು. ಉಳಿದವರು ನೆಲ ನೋಡಿದರು. ಅದು ಗೌರವ ಎಂದು ಬರೆಯುವ ಆಸೆಯಾಗುತ್ತದೆ. ಅದು ಮುಜುಗರ.

ಬೆರಳಿಗೆ ಶಾಯಿ ಹಚ್ಚಿದರು. ಮೇಜಿನ ಅಂಚು ಸವರುತ್ತ ಅವ್ವ ರಟ್ಟಿನ ಮರೆಗೆ ಹೋದಳು. ನಾನು ಬಾಗಿಲಲ್ಲಿ ಉಳಿದೆ. ಸದ್ದಿಲ್ಲ. ಇನ್ನೂ ಇಲ್ಲ. ರಟ್ಟಿನ ಕೆಳಗೆ ಅವಳ ಪಾದಗಳಷ್ಟೇ ಕಾಣುತ್ತಿದ್ದವು, ಅಲುಗಾಡದೆ.

"ನಿದ್ದಿ ಹತ್ತೇತೇನೋ" ಎಂದ ಏಜೆಂಟ.

ಆಮೇಲೆ ಪೀಂ ಎಂದಿತು.

ಅಣ್ಣನ ಮನೆಗೆ ಅವತ್ತು ಹೋಗಲಿಲ್ಲ. ಅವ್ವನನ್ನು ಸಿಂಧನೂರಿನ ಬಸ್ಸು ಹತ್ತಿಸಿದೆ. ಬಳಗಾನೂರಿನ ಕಡೆ ತಿರುಗುವ ಹಾದಿ ದಾಟಿದ ಮೇಲೆ, "ಹೇಳಿಬಿಟ್ಟೆ" ಎಂದಳು. ಅಪ್ಪನ ಹೆಸರಿನ ಮಾತು ಎಂದು ಗೊತ್ತಾಯಿತು. ಮತ್ತೆ ಸ್ವಲ್ಪ ಹೊತ್ತಿಗೆ, "ಅಲ್ಲಿ ಒಳಗ ಯಾರೂ ಇರಂಗಿಲ್ಲ ನೋಡು" ಎಂದಳು.

"ಹ್ಞೂಂ. ಒಬ್ಬರ ಅಷ್ಟ ಇರಬೇಕಲ್ಲಿ."

"ಅದಕ್ಕ ಒಂದೀಟು ನಿಂತೆ."

ಹುಟ್ಟಿದ ಮನೆಯಲ್ಲೂ ಕೊಟ್ಟ ಮನೆಯಲ್ಲೂ ಅವ್ವನಿಗೆ ತನ್ನದೇ ಒಂದು ಕೋಣೆ ಇರಲಿಲ್ಲ. ನನ್ನ ಕೋಣೆಯ ಬೀಗ ತೆಗೆದರೆ ದಿನಾ ಒಳಗೆ ಯಾರೂ ಇರುವುದಿಲ್ಲ. ಅವಳಿಗೆ ಒಂದು ಹೆಸರಿನ ಬೆಲೆಗೆ ಗಳಿಗೆ ಹೊತ್ತು ಸಿಕ್ಕಿದ್ದು ನನ್ನ ಹತ್ತಿರ ರಾಶಿ ಬಿದ್ದಿದೆ. ಇದನ್ನು ಅವಳಿಗೆ ಹೇಳಬೇಕೆನಿಸಿತು. ಆದರೆ ಬಾಯಿಗೆ ಬಂದದ್ದು ಬೇರೆ ಮಾತು.

"ಕಡೀಗೆ ಯಾರಿಗೆ ಹಾಕಿದಿ?"

ಅವ್ವ ಕಿಟಕಿಯ ಕಡೆ ಮುಖ ತಿರುಗಿಸಿದಳು. ಹೊರಗೆ ಕೊಯ್ದ ಗದ್ದೆಗಳು, ಅವಳಿಗೆ ಬರೀ ಬೆಳಕು.

"ಹಾಕೀನಿ" ಎಂದಳು.