ಉಯ್ಯಂಬಳ್ಳಿ ಜಯಮ್ಮನ ಟ್ರ್ಯಾಕ್ಟರ್

ಸ್ನೇಹಿತರೇ, ಇವತ್ತು ಕನಕಪುರ ಕೋರ್ಟಿನಲ್ಲಿ ನನ್ನ ಕಕ್ಷಿದಾರರಾದ ಉಯ್ಯಂಬಳ್ಳಿಯ ಜಯಮ್ಮನ, ಪೊಲೀಸರು ಜಪ್ತಿ ಮಾಡಿದ್ದ ಟ್ರ್ಯಾಕ್ಟರಿಗೆ ಮಧ್ಯಂತರ ಬಿಡುಗಡೆ ಸಿಕ್ಕಿತು. ಅದರಲ್ಲಿ ಕದ್ದು ಮರಳು ಹೊಡೆದು ಸಿಕ್ಕಿಬಿದ್ದವನು ಗಂಡ ಸಿದ್ದರಾಜು. ಗಾಡಿ ಮಾತ್ರ ಹೆಂಡತಿ ಹೆಸರಲ್ಲಿದೆ, ಹೊಲ ಉಳೋಕೆ ಇರೋದು ಅದೊಂದೇ.

"ಮತ್ತೆ ಮರಳಿಗೆ ಹೋಗಲ್ಲ ಅನ್ನೋದಕ್ಕೆ ಏನು ಖಾತ್ರಿ?" ಅಂತ ನ್ಯಾಯಾಧೀಶರು ಕೇಳಿದರು.

ನಾನು ಬಾಯಿ ತೆಗೆಯೋ ಮೊದಲೇ ಜಯಮ್ಮ, "ಕೀ ನನ್ ಸೊಂಟದಲ್ಲೇ ಇರ್ತದೆ ಸ್ವಾಮಿ" ಅಂದರು. ನ್ಯಾಯಾಧೀಶರೂ ನಕ್ಕುಬಿಟ್ಟರು.

ಸಂಜೆ ಸ್ಟೇಷನ್ ಮುಂದೆ ಗಾಡಿ ಕೈಗೆ ಬಂದಾಗ ಸಿದ್ದರಾಜು, "ಕೊಡಮ್ಮಿ ಕೀಯ, ಹೊಡ್ಕಂಡ್ ಹೋಗ್ತೀನಿ" ಅಂದ.

"ನೀನ್ ಬಸ್ಸಲ್ಲಿ ಬಾ!" ಜಯಮ್ಮ ಸೆರಗು ಸಿಕ್ಕಿಸಿ, ಹತ್ತಿ ಕೂತು, ತಾವೇ ಓಡಿಸಿಕೊಂಡು ಹೊರಟೇಬಿಟ್ಟರು.

"ಲಾಯರ್ರೇ, ಇದ್ಕೂ ಒಂದ್ ಅರ್ಜಿ ಹಾಕಾಕಾಯ್ತದಾ?" ಅಂತ ಸಿದ್ದರಾಜು ನನ್ನ ಕಡೆ ತಿರುಗಿ ಕೇಳಿದ.

ಇದರ ಮೇಲೆ ಅಪೀಲಿಲ್ಲ ಅಂತ ಹೇಳಿ ಅವನನ್ನ ಬಸ್ ಸ್ಟ್ಯಾಂಡಿಗೆ ಬಿಟ್ಟುಬಂದೆ.